ಬಲಚಕ್ರದ ಬಿಳಿ ಕಲೆ

ನಮ್ಮೂರಿನಲ್ಲಿ ಪ್ರತಿ ಕಾರಿನ ಡಿಕ್ಕಿಯಲ್ಲೂ ಒಂದು ನೀರಿನ ಕ್ಯಾನ್ ಇರುತ್ತದೆ. ಕುದುರೆಗೆ ಬಾಯಾರಿದರೆ ನೀರು ತೋರಿಸುತ್ತೇವೆ, ಕಾರಿಗೂ ಅಷ್ಟೇ ಎಂಬುದು ನಮ್ಮ ಲೆಕ್ಕ. ಆದರೆ ಕುದುರೆ ಕುಡಿದ ನೀರು ಎಲ್ಲಿ ಹೋಗುತ್ತದೆಂದು ನಮಗೆ ಗೊತ್ತು. ನನ್ನ ಕಾರು ಒಂದು ಬೇಸಿಗೆಯಿಡೀ ಕುಡಿದ ನೀರು ಎಲ್ಲಿ ಹೋಯಿತೆಂದು ನಾನು ಕೇಳಲೇ ಇಲ್ಲ. ಕೇಳದಿರಲು ಕಾರಣ ನನ್ನ ಷಡ್ಡಕ.

ನನ್ನ ಹೆಸರು ದಮ್ದಿನ್. ಬುಲ್ಗಾನ್ ಸೀಮೆಯವನು. ಕುದುರೆ ಸಾಕುವ ಗೊಂಬೊ ಅವರ ಹಿರಿಯ ಮಗಳು ಸೊಲೊಂಗೊಳನ್ನು ನಾನು ಮದುವೆಯಾದೆ. ಆರು ವರ್ಷದ ಮೇಲೆ ಕಿರಿಯ ಮಗಳನ್ನು ಯೊಂದೊನ್ ಎಂಬವನು ಮದುವೆಯಾದ. ಅವನು ನಮ್ಮೂರ ಗ್ಯಾರೇಜಿನಲ್ಲಿ ಮೆಕ್ಯಾನಿಕ್. ಹಿರಿಯಳಿಯ ನಾನು, ಆದರೆ ಒಲೆಯ ಹೊಗೆಕೊಳವೆ ಕಟ್ಟಿಕೊಂಡರೆ ಅತ್ತೆ ಕರೆಯುವುದು ಅವನನ್ನು. ಹೊಸ ಕುದುರೆಮರಿಗೆ ಹೆಸರಿಡುವಾಗ ಮಾವ ಕೇಳುವುದು ಅವನನ್ನು. ಅವನು ಜಂಬ ಕೊಚ್ಚಿಕೊಂಡಿದ್ದರೆ ನಾನು ನೆಮ್ಮದಿಯಾಗಿ ದ್ವೇಷಿಸಿಕೊಂಡು ಇರುತ್ತಿದ್ದೆ. ಅದೂ ಇಲ್ಲ. ನನ್ನ ಹೊಟ್ಟೆ ಉರಿಯುತ್ತಿತ್ತು, ಮುಚ್ಚಿಡುವುದೇನಿದೆ.

ನನಗಿದ್ದ ಒಂದೇ ಸಮಾಧಾನ ನನ್ನ ಕಾರಿನ ಬಲ ಮುಂಚಕ್ರದ ಮೇಲಿನ ಬಿಳಿ ಕಲೆ.

ನಾವು ಮಾವನ ಮನೆಯಿಂದ ಹೊರಡುವಾಗ ಅತ್ತೆ ಹಾಲಿನ ಸೌಟು ಹಿಡಿದು ಬರುತ್ತಾರೆ. ದಾರಿ ಸುಖವಾಗಿರಲಿ ಎಂದು ಗಾಡಿಯ ಚಕ್ರಕ್ಕೆ ಹಾಲು ಚಿಮುಕಿಸುತ್ತಾರೆ. ಯೊಂದೊನ್‌ನ ಬೂದುಬಣ್ಣದ ಹಳೆ ವ್ಯಾನಿಗೂ ಚಿಮುಕಿಸುತ್ತಾರೆ. ಆದರೆ ಅವನ ಚಕ್ರದಲ್ಲಿ ನಾಲ್ಕು ಹನಿ ಕಂಡರೆ ನನ್ನ ಚಕ್ರದಲ್ಲಿ, ಅದರ ಒಳಬದಿಯಲ್ಲಿ, ಬಂಪರಿನ ಕೆಳಗೆ ದಪ್ಪಗೆ ಬಿಳಿ ಗೆರೆಗಳು. ವಾರಗಟ್ಟಲೆ ಹೋಗುತ್ತಿರಲಿಲ್ಲ. ಅತ್ತೆಯ ಪ್ರೀತಿ ಯಾರ ಮೇಲೆಂದು ಬೇರೆ ಸಾಕ್ಷಿ ಬೇಕೇ? ಆಶೀರ್ವಾದವನ್ನು ತೊಳೆಯಬಾರದೆಂದು ನಾನು ಆ ಚಕ್ರಕ್ಕೆ ನೀರನ್ನೇ ಮುಟ್ಟಿಸಲಿಲ್ಲ.

ಸೆಪ್ಟೆಂಬರಿನಲ್ಲಿ ಒಂದು ದಿನ ಮಾವನ ಅಂಗಳದಲ್ಲಿ ಯೊಂದೊನ್ ನನ್ನ ಕಾರಿನ ಮುಂದೆ ಕುಕ್ಕರುಗಾಲಿನಲ್ಲಿ ಕೂತ. ಕಲೆಯನ್ನು ಉಗುರಿನಿಂದ ಕೆರೆದು ಮೂಸಿದ.

"ಅಣ್ಣ, ಇದು ಹಾಲಲ್ಲ," ಎಂದ.

"ಮತ್ತೇನು, ಮೊಸರಾ?"

"ಕೂಲೆಂಟು, ಇಂಜಿನ್ ತಂಪಾಗಿಡೋ ದ್ರವ. ಒಣಗಿ ಹೀಗಾಗಿದೆ. ಮೂಸಿ ನೋಡಿ, ಸಿಹಿ ವಾಸನೆ. ನಾಲಿಗೆಗೆ ಮಾತ್ರ ಹಚ್ಚಬೇಡಿ, ಅದು ವಿಷ."

"ಕೂಲೆಂಟ್ ಕೆಂಪಗಿರುತ್ತೆ ಕಣಪ್ಪ. ನನಗೂ ಗೊತ್ತು."

"ನೀವು ಬಾವಿ ನೀರು ಸುರಿದೂ ಸುರಿದೂ ಅದರ ಬಣ್ಣ ಹೋಗಿದೆ. ನೀರಿನ ಸುಣ್ಣ ಉಳಿದಿದೆ. ಇಲ್ಲೇ ಮೇಲುಗಡೆ ಕೂಲೆಂಟ್ ಟ್ಯಾಂಕ್ ಇದೆ ನೋಡಿ. ಇಂಜಿನ್ ಬಿಸಿಯಾದ್ರೆ ಕೂಲೆಂಟ್ ಹಿಗ್ಗುತ್ತೆ, ಹಿಗ್ಗಿದ್ದು ನಿಲ್ಲೋಕೆ ಜಾಗ ಬೇಕು. ಹಾಲು ಕಾಯಿಸೋಕೆ ದೊಡ್ಡ ಪಾತ್ರೆ ಇಡಲ್ವಾ, ಹಾಗೆ. ಪ್ಲಾಸ್ಟಿಕ್ಕು, ಹಳೇದಾಗಿದೆ, ಎಲ್ಲೋ ಸೀಳಿದೆ."

ನಾನು ಬಾನೆಟ್ ಎತ್ತಿ ತೋರಿಸಿದೆ. ಟ್ಯಾಂಕ್ ಹಳದಿಗಟ್ಟಿತ್ತು, ಆದರೆ ಅದರ ಹೊರಮೈ ಒಣಗಿತ್ತು. ಸೋರಿದ ಒಂದು ಹನಿಯೂ ಇರಲಿಲ್ಲ.

"ಎಲ್ಲಿ ಸೀಳಿದೆ, ತೋರಿಸು."

"ತಣ್ಣಗಿದ್ದಾಗ ಬಿರುಕು ಬಾಯಿ ಮುಚ್ಕೊಂಡಿರುತ್ತೆ ಅಣ್ಣ. ಬಿಸಿಯಾಗಿ ಒಳಗೆ ಒತ್ತಡ ಬಂದಾಗ ಬಾಯಿ ಬಿಡುತ್ತೆ. ಗ್ಯಾರೇಜಿಗೆ ತನ್ನಿ, ಕೈಪಂಪ್ ಹಾಕಿ ನೋಡೋಣ. ಹತ್ತು ನಿಮಿಷದ ಕೆಲಸ."

"ನನ್ನ ಚಕ್ರದ ಮೇಲೆ ಅತ್ತೆ ಹಾಲು ಕಂಡ್ರೆ ನಿನಗ್ಯಾಕಪ್ಪ ಉರಿ?" ಎಂದು ಬಾನೆಟ್ ಧಡ್ಡನೆ ಮುಚ್ಚಿದೆ.

ಉರಿ ಯಾರದೆಂದು ಈಗ ನಿಮಗೆ ಗೊತ್ತು. ಮನೆಗೆ ಹೋಗುವ ದಾರಿಯಲ್ಲಿ ಸೊಲೊಂಗೊ, "ಬೆಳ್ಳಗಿರೋದೆಲ್ಲ ಹಾಲಲ್ಲ ಕಣ್ರೀ. ಬೇರೆ ಯಾರು ಹೇಳಿದ್ರೂ ಕೇಳ್ತಿದ್ರಿ. ಯೊಂದೊನ್ ಹೇಳಿದ ಅನ್ನೋದೇ ನಿಮ್ಮ ರೋಗ," ಎಂದಳು. ನಾನು ರೇಡಿಯೋ ಜೋರು ಮಾಡಿದೆ.

ಮಾವನ ಎರಡೂ ಕಣ್ಣಿಗೆ ಪೊರೆ ಬಂದು ಎರಡು ವರ್ಷವಾಗಿತ್ತು. ದೂರದ ಗುಡ್ಡದ ಮೇಲಿರುವುದು ಗಂಡು ಕುದುರೆಯೋ ಹೆಣ್ಣೋ ಎಂದು ಹೇಳುತ್ತಿದ್ದ ಮನುಷ್ಯ, ಹಿಂದಿನ ಶರತ್ಕಾಲದಲ್ಲಿ ಪಕ್ಕದವರ ಕುದುರೆಯನ್ನು ತನ್ನದೆಂದು ಹಿಡಿದುಕೊಂಡು ಬಂದಿದ್ದರು. ಪಕ್ಕದವರು ನಗಲಿಲ್ಲ, ಸುಮ್ಮನೆ ಹಗ್ಗ ಬಿಚ್ಚಿಕೊಂಡು ಹೋದರು. ಆಮೇಲೆ ಮಾವ ಹಿಂಡಿನ ಹತ್ತಿರ ಹೋಗುವುದನ್ನೇ ಬಿಟ್ಟರು. ಐದು ತಿಂಗಳು ಕಾದ ಮೇಲೆ ರಾಜಧಾನಿ ಉಲಾನ್‌ಬಾತರಿನ ಕಣ್ಣಾಸ್ಪತ್ರೆಯಲ್ಲಿ ಪೊರೆ ತೆಗೆಸಲು ದಿನ ಸಿಕ್ಕಿತು. ಅಕ್ಟೋಬರ್ ಕೊನೆಯ ಗುರುವಾರ, ಬೆಳಿಗ್ಗೆ ಎಂಟು ಗಂಟೆ. ತಪ್ಪಿದರೆ ಚಳಿಗಾಲ ಕಳೆಯುವವರೆಗೆ ಬೇರೆ ದಿನವಿಲ್ಲ.

"ನಾನು ಕರ್ಕೊಂಡು ಹೋಗ್ತೀನಿ," ಎಂದೆ, ಯೊಂದೊನ್ ಬಾಯಿ ತೆರೆಯುವ ಮೊದಲೇ.

"ಹೋಗಿ ಅಣ್ಣ. ಹೋಗೋ ಮೊದಲು ಆ ಟ್ಯಾಂಕ್ ಒಂದು ಸಲ..."

"ಹೇಳಿದ್ಯಲ್ಲ ಸಾಕು."

ಬುಧವಾರ ಬೆಳಿಗ್ಗೆ ಹೊರಟೆವು. ನಾನು ಟ್ಯಾಂಕಿಗೆ ಎರಡು ಚೊಂಬು ನೀರು ಸುರಿದೆ. ಅತ್ತೆ ಹಾಲು ಚಿಮುಕಿಸಿದರು. ಯೊಂದೊನ್ ದೂರದಲ್ಲಿ ನಿಂತು ನೋಡುತ್ತಿದ್ದ. ಮಾವ ನನ್ನ ಪಕ್ಕ ಕೂತಿದ್ದಾರೆಂಬುದೇ ನನಗೆ ದೊಡ್ಡ ಹಬ್ಬ.

ಎರಡು ಗಂಟೆ ಚೆನ್ನಾಗಿ ಹೋಯಿತು. ಘಾಟಿ ಏರುತ್ತಿದ್ದಂತೆ ಹೀಟರಿನಿಂದ ತಣ್ಣನೆ ಗಾಳಿ ಬರತೊಡಗಿತು. ಹೊರಗೆ ಮಂಜು ಬಿದ್ದಿದೆ, ಒಳಗೂ ಚಳಿ ನುಗ್ಗಿತು ಎಂದುಕೊಂಡೆ. ಇಂಜಿನ್ನಿನ ನೀರು ಖಾಲಿಯಾದರೆ ಹೀಟರಿಗೂ ಬಿಸಿ ಸಿಗದೆಂದು ನನಗೆ ಗೊತ್ತಿರಲಿಲ್ಲ.

"ಏನೋ ಸಿಹಿ ವಾಸನೆ ಬರ್ತಿದೆಯಲ್ಲೋ," ಎಂದರು ಮಾವ. ಕಣ್ಣು ಹೋದ ಮೇಲೆ ಅವರ ಮೂಗು ಚುರುಕಾಗಿತ್ತು.

"ಬುತ್ತಿ ಇರಬೇಕು ಮಾವ."

"ಬುತ್ತೀಲಿ ಇರೋದು ಕುರಿಮಾಂಸ."

ಅಷ್ಟರಲ್ಲಿ ಬಿಸಿ ತೋರಿಸುವ ಮುಳ್ಳು ಕೆಂಪಿಗೆ ಏರಿತು. ಘಾಟಿಯ ತುದಿಯಲ್ಲಿ ಪ್ರಯಾಣಿಕರು ಕಲ್ಲು ಪೇರಿಸುವ ಗುಪ್ಪೆಯ ಹತ್ತಿರ ನಿಲ್ಲಿಸಿದೆ. ಬಾನೆಟ್ಟಿನ ಸಂದಿಯಿಂದ ಬುಸುಬುಸು ಹಬೆ. ನನಗೆ ಗಾಬರಿ. ನೀರಿನ ಕ್ಯಾನ್ ತಂದು ಮುಚ್ಚಳಕ್ಕೆ ಕೈ ಹಾಕುವಷ್ಟರಲ್ಲಿ ಮಾವ ತಡವರಿಸುತ್ತಾ ಇಳಿದು ಬಂದು ನನ್ನ ತೋಳು ಹಿಡಿದರು.

"ಏನು ಮಾಡ್ತಿದ್ದೀಯ?"

"ಮುಚ್ಚಳ ತೆಗೀತಿದ್ದೀನಿ ಮಾವ."

"ಕುದಿಯೋ ಹಂಡೆಗೆ ಮುಖ ಕೊಟ್ಟು ಮುಚ್ಚಳ ತೆಗೀತಾರೇನೋ? ಈ ಮನೇಲಿ ಒಬ್ಬ ಕುರುಡ ಸಾಕು."

ಕೈ ಹಿಂದಕ್ಕೆ ತೆಗೆದುಕೊಂಡೆ. ಆಮೇಲೆ ತಿಳಿಯಿತು, ಅಂದು ಮುಚ್ಚಳ ತಿರುಗಿಸಿದ್ದರೆ ಕುದಿಯುವ ನೀರು ನೇರ ಮುಖಕ್ಕೆ ಹಾರುತ್ತಿತ್ತು.

ಘಾಟಿಯ ಮೇಲೆ ಮೊಬೈಲ್ ಸಿಗ್ನಲ್ ಇತ್ತು. ಇಲ್ಲದಿರಲಿ ಎಂದು ಒಂದು ಕ್ಷಣ ಬೇಡಿಕೊಂಡಿದ್ದೆ, ಅಷ್ಟು ಕೆಟ್ಟ ಮನಸ್ಸು ನನ್ನದು. ಮಾವ ಮಂಜಿನಲ್ಲಿ ನಿಂತು ಕಾಣದ ಕಣ್ಣಿನಿಂದ ರಸ್ತೆಯ ಕಡೆ ನೋಡುತ್ತಿದ್ದರು. "ನಾಳೆ ಎಂಟು ಗಂಟೆಗೆ ಅಲ್ವಾ?" ಎಂದರು. ಯೊಂದೊನ್‌ಗೆ ಫೋನ್ ಮಾಡಿದೆ.

"ಎಲ್ಲಿದ್ದೀರ ಅಣ್ಣ?"

"ಕಲ್ಲುಗುಪ್ಪೆ ಹತ್ರ."

"ಇಂಜಿನ್ ಆಫ್ ಮಾಡಿ. ಏನೂ ಮುಟ್ಟಬೇಡಿ. ಮಾವನಿಗೆ ಕಂಬಳಿ ಹೊದಿಸಿ. ಬಂದೆ."

ನಾನು ಹೇಳಿರಲಿಲ್ವಾ ಎಂದು ಬೈದಿದ್ದರೆ ನನಗೆ ಎಷ್ಟೋ ಹಾಯೆನಿಸುತ್ತಿತ್ತು. ಎರಡೂವರೆ ಗಂಟೆ ಕಾದೆವು. ನನ್ನ ತಲೆಯಲ್ಲಿ ಒಂದೇ ಯೋಚನೆ: ಬರುತ್ತಾನೆ, ಮಾವನನ್ನು ವ್ಯಾನಿಗೆ ಹತ್ತಿಸಿಕೊಳ್ಳುತ್ತಾನೆ, ನನ್ನನ್ನು ಕಲ್ಲುಗುಪ್ಪೆಗೆ ಕಾವಲು ಬಿಟ್ಟು ಹೋಗುತ್ತಾನೆ. ಇಡೀ ಸೀಮೆಗೆ ಗೊತ್ತಾಗುತ್ತದೆ.

ಅವನು ಬಂದವನೇ ವ್ಯಾನಿನಿಂದ ಒಂದು ರಟ್ಟಿನ ಪೆಟ್ಟಿಗೆ ಇಳಿಸಿದ. ಒಳಗೆ ಹೊಸ ಟ್ಯಾಂಕು, ಹೊಸ ಮುಚ್ಚಳ.

"ಇದೆಲ್ಲಿ ಸಿಕ್ತು ನಿನಗೆ?"

"ಸೆಪ್ಟೆಂಬರಿನಲ್ಲೇ ಪಟ್ಟಣದಿಂದ ತರಿಸಿಟ್ಟಿದ್ದೆ. ಇವತ್ತಲ್ಲ ನಾಳೆ ಬೇಕಾಗುತ್ತೆ ಅಂತ."

ಆ ಮಾತು ನನ್ನನ್ನು ಸುಟ್ಟಷ್ಟು ಆ ಹಬೆಯೂ ಸುಡುತ್ತಿರಲಿಲ್ಲ.

ಇಂಜಿನ್ ಅಷ್ಟರಲ್ಲಿ ಪೂರ್ತಿ ಆರಿತ್ತು. ಅವನು ಮುಚ್ಚಳ ನಿಧಾನಕ್ಕೆ ತೆಗೆದು, ಇಂಜಿನ್ ಆಯಿಲ್ ನೋಡುವ ಕಡ್ಡಿಯನ್ನು ಮೊದಲು ಎಳೆದು ನೋಡಿದ.

"ಇಲ್ಲಿ ಹಾಲಿನ ಬಣ್ಣ ಕಂಡಿದ್ರೆ ಅಳಬೇಕಿತ್ತು ಅಣ್ಣ. ಆಯಿಲ್‌ಗೆ ನೀರು ಸೇರಿದೆ ಅಂತ ಅರ್ಥ, ಇಂಜಿನ್ ಬಿಚ್ಚಬೇಕಾಗ್ತಿತ್ತು. ಕಪ್ಪಗಿದೆ, ಬಚಾವಾದ್ರಿ."

ಒಂದಿಷ್ಟು ನೀರು ತುಂಬಿ, ಟ್ಯಾಂಕಿನ ಬಾಯಿಗೆ ಕೈಪಂಪ್ ತಿರುಗಿಸಿ ನಾಲ್ಕು ಸಲ ಒತ್ತಿದ. ಗಡಿಯಾರದಂಥ ಮಾಪಕದ ಮುಳ್ಳು ಏರಿತು, ನೋಡುತ್ತಿದ್ದಂತೆ ಇಳಿಯಿತು. ಟ್ಯಾಂಕಿನ ಅಡಿಯ ಬೆಸುಗೆಯಲ್ಲಿ ಕೂದಲಷ್ಟು ಗೆರೆ ಒದ್ದೆಯಾಯಿತು. ಹನಿ ಉರುಳಿ ಸೀದಾ ಬಲಚಕ್ರದ ಒಳಬದಿಗೆ, ನನ್ನ ಆಶೀರ್ವಾದದ ಮೇಲೆ ಬಿತ್ತು.

ನಾನು ಅದನ್ನೇ ನೋಡುತ್ತಾ ನಿಂತೆ. ಒಂದು ಬೇಸಿಗೆಯಿಡೀ ನಾನು ಬೀಗಿದ್ದು ಇದಕ್ಕೆ.

"ಅಂಟು ಹಾಕಿದ್ರೆ ಆಗಲ್ವಾ?" ಎಂದೆ, ಏನಾದರೂ ಹೇಳಬೇಕಲ್ಲ.

"ಬಿಸಿ ಒತ್ತಡಕ್ಕೆ ಅಂಟು ನಿಲ್ಲಲ್ಲ. ಸಂತೇಲಿ ಸಿಗೋ ಹಳೆ ಟ್ಯಾಂಕೂ ಬೇಡ, ಅದರ ಪ್ಲಾಸ್ಟಿಕ್ಕಿಗೂ ಇಷ್ಟೇ ವಯಸ್ಸು. ಆ ಬೋಗುಣಿ ಹಿಡ್ಕೊಳ್ಳಿ ಬನ್ನಿ."

ಅವನು ಮಾಡಿದ್ದನ್ನು ನಾನು ಬೋಗುಣಿ ಹಿಡಿದು ನೋಡಿದೆ. ರೇಡಿಯೇಟರಿನ ಅಡಿಯ ತಿರುಪು ಬಿಚ್ಚಿ ಬರುವಷ್ಟು ನೀರನ್ನು ಇಳಿಸಿದ. "ನೆಲಕ್ಕೆ ಚೆಲ್ಲಬೇಡಿ, ಸಿಹಿ ಅಂತ ನಾಯಿಗಳು ನೆಕ್ಕಿ ಸಾಯ್ತವೆ," ಎಂದ. ಎರಡು ಪೈಪುಗಳ ಕ್ಲಾಂಪ್ ಸಡಿಲಿಸಿದ, ವೈರಿನ ಪ್ಲಗ್ ಕಿತ್ತ, ಎರಡು ಬೋಲ್ಟ್ ಬಿಚ್ಚಿ ಹಳೆಯದನ್ನು ಎತ್ತಿದ. ಪೈಪುಗಳನ್ನು ಬಗ್ಗಿಸಿ ಬಿರುಕು ಇದೆಯೇ ಎಂದು ನೋಡಿದ. ಹೊಸ ಟ್ಯಾಂಕ್ ಕೂರಿಸಿ, ಬಿಚ್ಚಿದ್ದನ್ನೆಲ್ಲ ಬಿಗಿ ಮಾಡಿ, ಮತ್ತೆ ಪಂಪ್ ಒತ್ತಿದ. ಈ ಸಲ ಮುಳ್ಳು ಅಲುಗಲಿಲ್ಲ.

ಆಮೇಲೆ ನನ್ನ ಕಾರಿಗೆ ಹೇಳಿದ ಬಗೆಯದೇ ಕೂಲೆಂಟ್, ಸೊನ್ನೆಗಿಂತ ನಲವತ್ತು ಡಿಗ್ರಿ ಕೆಳಗಿನ ಚಳಿಗೂ ಹೆಪ್ಪುಗಟ್ಟದ್ದು, ನಿಧಾನವಾಗಿ ಸುರಿದ. ಹೀಟರನ್ನು ಪೂರ್ತಿ ಬಿಸಿಗೆ ತಿರುಗಿಸಿ ಇಂಜಿನ್ ಚಾಲೂ ಮಾಡಿಸಿದ. ಮುಚ್ಚಳ ಇನ್ನೂ ಹಾಕಿರಲಿಲ್ಲ. ಗುಳ್ಳೆಗಳು ಬುಳುಬುಳು ಬಂದವು. ಒಳಗೆ ಸಿಕ್ಕಿಕೊಂಡ ಗಾಳಿ ಅದು, ಹೋಗದಿದ್ದರೆ ಮತ್ತೆ ಬಿಸಿಯಾಗುತ್ತದಂತೆ. ಗುಳ್ಳೆ ನಿಂತ ಮೇಲೆ ಟ್ಯಾಂಕಿನ ಮೇಲೆ ಗುರುತು ಹಾಕಿದ ಎರಡು ಗೆರೆಗಳ ನಡುವಿಗೆ ಬರುವಷ್ಟು ತುಂಬಿ ಹೊಸ ಮುಚ್ಚಳ ಬಿಗಿದ.

"ಇವತ್ತು ಇದು ಆಗದೇ ಇದ್ದಿದ್ರೆ?" ಎಂದು ಕೇಳಿದೆ.

"ಬರೀ ನೀರು ತುಂಬ್ಕೊಂಡು ಪಟ್ಟಣ ಸೇರಿದ್ರೂ ರಾತ್ರಿ ಹೆಪ್ಪುಗಟ್ಟಿ ಇಂಜಿನ್ನೇ ಸೀಳ್ತಿತ್ತು. ಇನ್ನೂ ಒಳಗೆ ಸ್ವಲ್ಪ ಹಳೆ ನೀರಿದೆ. ಪಟ್ಟಣದಲ್ಲಿ ಬೆಚ್ಚಗಿರೋ ಶೆಡ್ಡಲ್ಲಿ ನಿಲ್ಲಿಸಿ. ವಾಪಸ್ ಬಂದ ಮೇಲೆ ಪೂರ್ತಿ ಬದಲಾಯಿಸೋಣ."

ನಾನು ಮಾವನ ಕಡೆ ತಿರುಗಿ, "ಮಾವ, ನೀವು ಯೊಂದೊನ್ ವ್ಯಾನಲ್ಲಿ ಹೋಗಿ," ಎಂದೆ. ಅವನೇ ಹೇಳುವ ಮೊದಲು ನಾನೇ ಹೇಳಿಬಿಡೋಣವೆಂದು.

ಯೊಂದೊನ್ ಕೈ ಒರೆಸಿಕೊಳ್ಳುತ್ತಾ, "ನನ್ನ ವ್ಯಾನಲ್ಲಿ ಹೀಟರ್ ಎಲ್ಲಿದೆ? ನಿಮ್ಮ ಕಾರು ಬೆಚ್ಚಗಿದೆ. ನೀವೇ ಕರ್ಕೊಂಡು ಹೋಗಿ ಅಣ್ಣ. ಮುಳ್ಳಿನ ಮೇಲೆ ಒಂದು ಕಣ್ಣಿಟ್ಟಿರಿ," ಎಂದು ಹೊರಟುಹೋದ.

ಬೆಳಕಿರುವಾಗಲೇ ಪಟ್ಟಣ ಸೇರಿದೆವು. ಮರುದಿನ ಎಂಟಕ್ಕೆ ಐದು ನಿಮಿಷವಿರುವಾಗ ಆಸ್ಪತ್ರೆಯವರು ಮಾವನ ಹೆಸರು ಕೂಗಿದರು, ಮಾವ ಅಲ್ಲಿದ್ದರು.

ಹದಿನೈದು ದಿನದ ಮೇಲಿನ ಮಾತು. ನಾವೆಲ್ಲ ಮಾವನ ಮನೆಯಿಂದ ಹೊರಡುವವರಿದ್ದೆವು. ಅತ್ತೆ ಸೌಟು ತಂದು ಎರಡೂ ಗಾಡಿಗೆ ಹಾಲು ಚಿಮುಕಿಸಿ ಒಳಗೆ ಹೋದರು. ಯಾರೂ ನೋಡುತ್ತಿಲ್ಲವೆಂದು ನಾನು ಯೊಂದೊನ್‌ನ ವ್ಯಾನಿನ ಬಳಿ ಬಗ್ಗಿದೆ. ಚಕ್ರದ ಮೇಲೆ ದಪ್ಪಗೆ ಬಿಳಿ ಗೆರೆ. ಒಳಗೊಳಗೇ ಹಿಗ್ಗಿದೆ. ಊರಿಗೆಲ್ಲ ಬುದ್ಧಿ ಹೇಳುವವನ ಗಾಡಿಯೇ ಸೋರುತ್ತಿದೆ. ಬೆರಳಿನಲ್ಲಿ ಒರೆಸಿ ಮೂಸಿದೆ.

ಹಾಲು. ಅಪ್ಪಟ ಹಾಲು.

ಡೇರೆಮನೆಯ ಬಾಗಿಲಿನಿಂದ ಮಾವನ ದನಿ ಬಂತು. "ಏನು ಅಳೀತಿದ್ದೀಯೋ ದಮ್ದಿನ್? ನಿನ್ನ ಚಕ್ರದ ಮೇಲೂ ಅಷ್ಟೇ ಇದೆ. ಇಲ್ಲಿಂದಲೇ ಕಾಣ್ತಿದೆ ನನಗೆ."

ಬಾಗಿಲಿಂದ ನನ್ನ ಕಾರಿಗೆ ಮೂವತ್ತು ಹೆಜ್ಜೆ. ನಾನು ತಲೆ ಎತ್ತಿ ನೋಡಿದೆ. ಮಾವ ಆಗಲೇ ನನ್ನ ತಲೆಯ ಮೇಲಿಂದ ಗುಡ್ಡದ ಕಡೆ ನೋಡುತ್ತಾ ತಮ್ಮ ಕುದುರೆಗಳನ್ನು ಎಣಿಸುತ್ತಿದ್ದರು.

ನನ್ನ ಹೊಟ್ಟೆಕಿಚ್ಚು ಪೂರ್ತಿ ಹೋಗಿದೆ ಎಂದರೆ ಸುಳ್ಳಾಗುತ್ತದೆ. ಅದು ಇದ್ದುಕೊಳ್ಳಲಿ. ಆದರೆ ಬಂಧುಗಳೇ, ಚಳಿ ಬೀಳುವ ಮುಂಚೆ ನಿಮ್ಮ ಕಾರಿನ ಬಾನೆಟ್ ಎತ್ತಿ. ಇಂಜಿನ್ ತಣ್ಣಗಿರುವಾಗ ಕೂಲೆಂಟ್ ಎರಡು ಗೆರೆಗಳ ನಡುವೆ ಇದೆಯೇ ನೋಡಿ. ಪದೇ ಪದೇ ಇಳಿಯುತ್ತಿದ್ದರೆ ನೀರು ಸುರಿದು ಸುಮ್ಮನಾಗಬೇಡಿ, ಎಲ್ಲಿ ಸೋರುತ್ತಿದೆ ಎಂದು ಹುಡುಕಿಸಿ. ಬಿಸಿ ಇಂಜಿನ್ನಿನ ಮುಚ್ಚಳ ಮುಟ್ಟಬೇಡಿ. ಬಿಳಿ ಕಲೆ ಕಂಡರೆ ಅದು ಹಾಲೋ ಅಲ್ಲವೋ ಎಂದು ಬಲ್ಲವರನ್ನು ಕೇಳಿ. ಆ ಬಲ್ಲವನು ನಿಮಗೆ ಆಗದವನೇ ಆಗಿದ್ದರೂ ಕೇಳಿ. ನಿಮ್ಮ ಪಕ್ಕದ ಸೀಟಿನಲ್ಲಿ ಕೂತವರಿಗೆ ನಾಳೆ ಎಂಟು ಗಂಟೆಗೆ ಎಲ್ಲೋ ತಲುಪಬೇಕಾಗಿರುತ್ತದೆ.