ತುಳಸವ್ವನ ದನಿ, ಅಡಿವೆಪ್ಪನ ತುತ್ತೂರಿ

ನಾನು ಒಂದು ತಗಡಿನ ತುತ್ತೂರಿ. ಒಂದು ತುದಿ ತುಟಿಗೆ ಹಿಡಿಯುವಷ್ಟು ಸಣ್ಣದು, ಇನ್ನೊಂದು ತುದಿ ಬುಟ್ಟಿಯ ಬಾಯಷ್ಟು ಅಗಲ. ಸಣ್ಣ ಬಾಯಿಂದ ಒಳಗೆ ಬಂದದ್ದನ್ನು ದೊಡ್ಡ ಬಾಯಿಂದ ಊರಿಗೆ ಕೇಳಿಸುವುದು ನನ್ನ ಕೆಲಸ. ಗದಗಿನ ತಗಡಿನವರ ಓಣಿಯಲ್ಲಿ ಮೋದಿನಸಾಬ ಎಂಬ ಮುದುಕ ಶೇಂಗಾ ಎಣ್ಣೆಯ ಎರಡು ಡಬ್ಬಿ ಬಿಚ್ಚಿ, ಬಡಿದು, ಸುತ್ತಿ, ಬೆಸುಗೆ ಹಾಕಿ ನನ್ನನ್ನು ಮಾಡಿದ. ಎಣ್ಣೆಯ ವಾಸನೆ ಒಂದು ವರ್ಷ ನನ್ನನ್ನು ಬಿಡಲಿಲ್ಲ.

ನನ್ನನ್ನು ಕೊಂಡದ್ದು ಒಂದು ನಾಟಕ ಕಂಪನಿ. ನನ್ನನ್ನು ಮೊದಲು ಬಾಯಿಗೆ ಹಿಡಿದವನು ಅಡಿವೆಪ್ಪ ಮುಳಗುಂದ, ಬೆಟಗೇರಿಯ ನೇಕಾರರ ಮನೆಯವನು. ಮಗ್ಗ ಬಿಟ್ಟು ಕಂಪನಿ ಸೇರಿದ್ದ. ಇಬ್ಬರೂ ಟಾಂಗಾದಲ್ಲಿ ಕುಳಿತು ಬೀದಿ ಬೀದಿ ತಿರುಗಿ ಆಟದ ಹೆಸರು ಕೂಗುತ್ತಿದ್ದೆವು. ಅವನ ದನಿ ಗಡುಸಾಗಿತ್ತು, ಮಾತು ಮಾತ್ರ ಸಿಹಿ. ಕೆಲವು ವರ್ಷಗಳಲ್ಲಿ ಪರದೆಯ ಹಿಂದೆ ನಿಂತು ಮಾತು ನೆನಪಿಸುವವನಾದ, ಆಮೇಲೆ ಸಣ್ಣ ಪಾತ್ರ ಮಾಡಿದ, ಮೂವತ್ತರ ಹೊತ್ತಿಗೆ ನಾಟಕ ಕಲಿಸುವ ಮಾಸ್ತರನಾದ. ನನ್ನನ್ನು ಮಾತ್ರ ಬಿಡಲಿಲ್ಲ. ತಾಲೀಮಿನಲ್ಲಿ ಕಟ್ಟಕಡೆಯ ಬೆಂಚಿನಲ್ಲಿ ಕುಳಿತು ನನ್ನ ಮೂಲಕವೇ ಬೈಯುತ್ತಿದ್ದ. ಹಾಗೆ ಬೈಸಿಕೊಂಡು ಅತ್ತವರ ಮುಖಗಳು ಈಗಲೂ ನೆನಪಿವೆ. ಬೈದವನು ಅವನು, ನಿಜ. ಆದರೆ ಅವನ ಬೈಗುಳವನ್ನು ಹತ್ತು ಪಟ್ಟು ಮಾಡಿದವನು ನಾನು.

ಆ ಕಂಪನಿಯಲ್ಲಿ ತುಳಸವ್ವ ಇದ್ದಳು. ಮುಖದ ತುಂಬ ಸಿಡುಬಿನ ಕಲೆ, ದನಿ ಮಾತ್ರ ತೊಳೆದಿಟ್ಟ ಕಂಚಿನ ಹಾಗೆ. ‘ಅವ್ವನ ಕುಂಚಿಗೆ’ ಎಂಬ ಹೊಸ ನಾಟಕದಲ್ಲಿ ಅವಳದು ತಾಯಿಯ ಪಾತ್ರ. ಮಗ ಜೈಲಿನಲ್ಲಿ ಸತ್ತ ಸುದ್ದಿ ಬಂದಾಗ ತಾಯಿ ಒಂದೂವರೆ ಪುಟದಷ್ಟು ಗೋಳಾಡಬೇಕೆಂದು ಅಡಿವೆಪ್ಪ ಬರೆದಿದ್ದ. ತಾಲೀಮಿನ ದಿನ ತುಳಸವ್ವ ಆ ಮಾತುಗಳನ್ನು ಆಡಲೇ ಇಲ್ಲ. ಗಂಗಾಳದಲ್ಲಿ ರೊಟ್ಟಿ ಬಡಿಸಿ ಹೊಸ್ತಿಲಿಗೆ ಬಂದು ನಿಂತು ಕೂಗಿದಳು: “ಉಣ್ಣಾಕ ಬಾರೋ ನನ್ನಪ್ಪಾ... ಆರಿ ಹೋಗತೈತಿ, ಬಾರೋ.”

ಅಡಿವೆಪ್ಪ ನನ್ನನ್ನು ಎತ್ತಿ “ಏ ತುಳಸವ್ವಾ, ಬರದದ್ದು ಹೇಳು!” ಎಂದು ಗದರಿದ.

“ಬರದದ್ದು ಹೇಳಾಕ ಬರವಲ್ದ್ರಿ ಮಾಸ್ತರ. ಸತ್ತ ಮಗನ ತಾಯಿಗೆ ಅಷ್ಟು ಮಾತ ಎಲ್ಲಿರತಾವ?” ಎಂದಳು ಅವಳು. “ನಮ್ಮವ್ವ ಹಿಂಗ ಕರೀತಿದ್ದಳು, ನಮ್ಮಣ್ಣ ಸತ್ತ ಮ್ಯಾಲೂ.”

ಅಡಿವೆಪ್ಪ ನನ್ನನ್ನು ಕೆಳಗಿಟ್ಟ. ಆ ಒಂದೂವರೆ ಪುಟ ಹರಿದು ಹಾಕಿದ. ಎರಡು ವರ್ಷ ಆ ಒಂದು ಕೂಗು ಕೇಳಲು ಜನ ಚಕ್ಕಡಿ ಕಟ್ಟಿಕೊಂಡು ಬಂದರು. ಎಲ್ಲರ ಬಾಯಲ್ಲೂ ಅಡಿವೆಪ್ಪ ಮಾಸ್ತರನ ಹೆಸರು. ಕೂಗನ್ನು ಕಟ್ಟಿದವಳು ತುಳಸವ್ವನೆಂದು ಅವನು ಯಾರಿಗೂ ಹೇಳಲಿಲ್ಲ, ಯಾರೂ ಕೇಳಲೂ ಇಲ್ಲ. ತಪ್ಪು ಶುರುವಾದದ್ದು ಅಲ್ಲೇ ಇರಬೇಕು.

ನಾಟಕವನ್ನು ಸಿನೆಮಾ ಮಾಡುತ್ತೇನೆಂದು ಶಾಮಣ್ಣ ಎಂಬ ನಿರ್ಮಾಪಕರು ಬಂದರು. ನಿರ್ದೇಶನ ಅಡಿವೆಪ್ಪನದೇ. ಅಂದು ಅವನು ಬಣ್ಣದ ಕೋಣೆಗೆ ಓಡಿ ಬಂದು, “ತುಳಸವ್ವಾ, ತಾಯಿ ಪಾತ್ರ ನಿಂದ. ನೀ ಇಲ್ಲದ ನಾ ಒಂದ ಫೂಟು ಫಿಲ್ಮೂ ತಗಿಯೂದಿಲ್ಲ” ಎಂದ. ನಾನು ಅವನ ಕಂಕುಳಲ್ಲೇ ಇದ್ದೆ. ಆ ಮಾತು ಆಡುವಾಗ ಅವನ ಎದೆ ಹೊಡೆದುಕೊಂಡದ್ದು ನನ್ನ ತಗಡಿಗೆ ತಾಗಿತು. ಆಗ ಅದು ಸುಳ್ಳಾಗಿರಲಿಲ್ಲ.

ಮದ್ರಾಸಿನಲ್ಲಿ ಶಾಮಣ್ಣನವರು ತುಳಸವ್ವನ ಫೋಟೊ ನೋಡಿ ನಕ್ಕರು. “ಏನ್ರೀ ಅಡಿವೆಪ್ನೋರೇ, ಈ ಮುಖ ಕ್ಲೋಸಪ್ಪಲ್ಲಿ ತೋರ್ಸಿದ್ರೆ ಜನ ಎದ್ದು ಹೋಗ್ತಾರೆ. ಪ್ರಮೀಳಾರಾಣಿನ ಬುಕ್ ಮಾಡಿದೀನಿ. ಬೇಡ ಅಂದ್ರೆ ಹೇಳಿ, ಬೇರೆ ಡೈರೆಕ್ಟರ್ ನೋಡ್ತೀನಿ.”

ಅಡಿವೆಪ್ಪ ಬೇಡವೆನ್ನಲಿಲ್ಲ. ಚಿತ್ರೀಕರಣವಾಯಿತು. ಪ್ರಮೀಳಾರಾಣಿ ಚೆಲುವೆ, ಕೆಲಸದಲ್ಲಿ ಶ್ರದ್ಧೆಯಿದ್ದವಳು. ಆದರೆ ನಮ್ಮ ಕಡೆಯ ಮಾತು ಅವಳ ನಾಲಿಗೆಗೆ ಹೊರಳಲಿಲ್ಲ. ಅವಳು ಕೂಗಿದಾಗ ಅದು ಯಾರನ್ನೋ ಕಾಫಿಗೆ ಕರೆದ ಹಾಗಿತ್ತು. ಆಗ ಅಡಿವೆಪ್ಪ ತುಳಸವ್ವನಿಗೆ ಕಾಗದ ಬರೆದ. ಬರೆದದ್ದು ಒಂದೇ ಸಾಲು: “ಕೂಡಲೇ ಹೊರಟು ಬಾ.” ಯಾಕೆಂದು ಬರೆಯಲಿಲ್ಲ.

ಅವಳು ಟ್ರಂಕು ಹೊತ್ತು ಬಂದಳು. ಟ್ರಂಕಿನಲ್ಲಿ ನಾಟಕದಲ್ಲಿ ಉಡುತ್ತಿದ್ದ ಇಳಕಲ್ ಸೀರೆ, ಅದೇ ಗಂಗಾಳ. ಸ್ಟುಡಿಯೋದ ಬಾಗಿಲಲ್ಲಿ ತನ್ನದೇ ಪಾತ್ರದ ವೇಷದಲ್ಲಿ ಬೇರೊಬ್ಬಳು ಫೋಟೊ ತೆಗೆಸಿಕೊಳ್ಳುವುದನ್ನು ನೋಡಿ ನಿಂತುಬಿಟ್ಟಳು. ಅಡಿವೆಪ್ಪ ನೆಲ ನೋಡುತ್ತ, “ದನಿ ಅಷ್ಟ ಬೇಕಾಗೇತವ್ವಾ” ಎಂದ.

ಅವಳು ಟ್ರಂಕು ಕೆಳಗಿಳಿಸಿ, “ಮದಲ ಹೇಳಿದ್ರ ಟ್ರಂಕಾದ್ರೂ ಹಗರ ಮಾಡಿಕೊಂಡು ಬರತಿದ್ದೆ” ಎಂದಳು.

ದನಿ ಮುದ್ರಿಸುವ ಕೋಣೆಯಲ್ಲಿ ನಾನೂ ಇದ್ದೆ, ಸ್ಟೂಲಿನ ಮೇಲೆ. ಪರದೆಯ ಮೇಲೆ ಪ್ರಮೀಳಾರಾಣಿಯ ತುಟಿ ಆಡುತ್ತಿತ್ತು, ತುಳಸವ್ವ ಮೈಕಿನ ಮುಂದೆ ನಿಂತು ಆ ತುಟಿಗೆ ತನ್ನ ಕೂಗನ್ನು ಹೊಂದಿಸಬೇಕಿತ್ತು. ಹನ್ನೊಂದು ಸಲ ತಪ್ಪಿತು.

“ಮಾಸ್ತರ, ಆಕಿ ಬಾಯಿ ತಗಿಯೂದರಾಗ ನನ್ನ ಕರಿಯೂದು ಮುಗದಿರತೈತಿ. ನಾ ಆಕಿ ಸಲುವಾಗಿ ನಿಲ್ಲಬೇಕೇನ್ರಿ?”

“ನಿಲ್ಲಬೇಕವ್ವಾ.”

ಅವಳು ನಿಂತಳು. ಹನ್ನೆರಡನೆಯ ಸಲ ಸರಿಯಾಯಿತು. ಯಂತ್ರದ ಮುಂದೆ ಕುಳಿತಿದ್ದವನು ಕಣ್ಣು ಒರೆಸಿಕೊಂಡ.

ಕಡೆಗೆ ಹೆಸರುಗಳ ಪಟ್ಟಿ ಬಂತು. ಅಡಿವೆಪ್ಪನೇ ತನ್ನ ಕೈಯಾರೆ ‘ಕಂಠದಾನ: ತುಳಸವ್ವ’ ಎಂದು ಸೇರಿಸಿದ್ದ. “ದನಿ ಬೇರೆಯವಳದು ಅಂತ ಗೊತ್ತಾದ್ರೆ ಪ್ರಮೀಳಾಗೆ ಪ್ರಶಸ್ತಿ ಬರುತ್ತೇನ್ರೀ?” ಎಂದು ಶಾಮಣ್ಣನವರು ಪೆನ್ಸಿಲ್ ಮುಂದೆ ಮಾಡಿದರು. ಅಡಿವೆಪ್ಪ ಪೆನ್ಸಿಲ್ ತೆಗೆದುಕೊಂಡ. ಒಂದು ಗೆರೆ ಎಳೆದ. ಅಷ್ಟೇ ಹೊತ್ತು ಹಿಡಿದದ್ದು.

ಸಿನೆಮಾ ಊರೂರಲ್ಲಿ ಓಡಿತು. ಪ್ರಮೀಳಾರಾಣಿಗೂ ಅಡಿವೆಪ್ಪನಿಗೂ ಪ್ರಶಸ್ತಿ ಬಂತು. ಮುಂದಿನ ವರ್ಷ ಹುಬ್ಬಳ್ಳಿಯಲ್ಲಿ ಹಳೆಯ ಕಂಪನಿಯವರು ಅವನನ್ನು ಸನ್ಮಾನಕ್ಕೆ ಕರೆದರು. ಭಾನುವಾರ ಮಧ್ಯಾಹ್ನದ ಆಟ, ಅದೇ ‘ಅವ್ವನ ಕುಂಚಿಗೆ’. ಅವನು ಮೊದಲ ಸಾಲಿನಲ್ಲಿ, ನಾನು ಅವನ ತೊಡೆಯ ಮೇಲೆ. ತುಳಸವ್ವ ಹೊಸ್ತಿಲಿಗೆ ಬಂದಳು. “ಉಣ್ಣಾಕ ಬಾರೋ ನನ್ನಪ್ಪಾ...”

ಹಿಂದಿನಿಂದ ಒಬ್ಬ ಸಿಳ್ಳೆ ಹಾಕಿದ. “ಲೇ, ಸಿನೆಮಾದಾಕಿನ್ನ ಹೆಂಗ ನಕಲು ಮಾಡ್ತಾಳ ನೋಡಲೇ! ಥೇಟ್ ಆಕಿ ದನಿ!” ಜನ ನಕ್ಕರು, ಚಪ್ಪಾಳೆ ತಟ್ಟಿದರು. ನಕಲು ಚೆನ್ನಾಗಿದೆಯೆಂದು ತಟ್ಟಿದ ಚಪ್ಪಾಳೆ ಅದು. ತುಳಸವ್ವನ ಕೈಯ ಗಂಗಾಳ ಒಂದು ಗಳಿಗೆ ಓಲಿತು. ಅವಳು ಅಡಿವೆಪ್ಪನ ಕಡೆ ನೋಡಲಿಲ್ಲ. ಪಾತ್ರ ಮುಗಿಸಿ ಒಳಗೆ ಹೋದಳು.

ಆಟದ ಕೊನೆಗೆ ಶಾಲು ಹೊದಿಸಿದರು. ಹಳೆಯ ಕಾಲದ ಹಾಗೆ ತುತ್ತೂರಿಯಲ್ಲೇ ಎರಡು ಮಾತಾಡಿ ಎಂದರು. ಅವನು ನನ್ನನ್ನು ತುಟಿಗೆ ಹಿಡಿದ. ಒಳಗೆ ಉಸಿರು ಬಂತು, ಬಿಸಿಯಾಗಿ, ಮೂರು ಸಲ. ಈಗ ಹೇಳುತ್ತಾನೆ ಎಂದುಕೊಂಡೆ. “ಎಲ್ಲಾರಿಗೂ ಶರಣು” ಎಂದು ನನ್ನನ್ನು ಇಳಿಸಿಬಿಟ್ಟ. ಆಡಿದ ಮಾತನ್ನು ದೊಡ್ಡದು ಮಾಡಲು ನನಗೆ ಬರುತ್ತದೆ. ಆಡದ ಮಾತಿಗೆ ನಾನೇನು ಮಾಡಲಿ? ಹೀಗೆಂದು ನನಗೆ ನಾನೇ ಎಷ್ಟೋ ವರ್ಷ ಸಮಾಧಾನ ಹೇಳಿಕೊಂಡೆ. ಸಮಾಧಾನ ಆಗಲಿಲ್ಲ.

ಆ ವರ್ಷವೇ ತುಳಸವ್ವ ಬಣ್ಣ ಹಚ್ಚುವುದು ಬಿಟ್ಟಳೆಂದು ತಿಳಿಯಿತು. ಅಡಿವೆಪ್ಪ ಇನ್ನೂ ಏಳು ಸಿನೆಮಾ ಮಾಡಿದ. ಎರಡು ಓಡಿದವು, ಉಳಿದವನ್ನು ಯಾರೂ ನೆನಪಿಟ್ಟುಕೊಳ್ಳಲಿಲ್ಲ. ಕರೆಯುವವರು ಕಡಿಮೆಯಾದ ಮೇಲೆ ಧಾರವಾಡದಲ್ಲಿ ಮನೆ ಮಾಡಿದ. ಮೊದಲ ಸಿನೆಮಾ ಟೀವಿಯಲ್ಲಿ ಬಂದರೆ ಆ ಕೂಗಿನ ಹೊತ್ತಿಗೆ ಎದ್ದು ಹಿತ್ತಲಿಗೆ ಹೋಗುತ್ತಿದ್ದ. ಹೆಂಡತಿ “ಎಲ್ಲಾರೂ ಅಳೂ ಹೊತ್ತಿನ್ಯಾಗ ನೀವೆಲ್ಲಿ ಹೊಂಟ್ರಿ?” ಎಂದರೆ, “ಗಿಡಕ್ಕ ನೀರು ಹಾಕಬೇಕು” ಎನ್ನುತ್ತಿದ್ದ. ಮಳೆಗಾಲದಲ್ಲೂ ಅದೇ ಉತ್ತರ.

ಎಪ್ಪತ್ತೆಂಟನೆಯ ವಯಸ್ಸಿನಲ್ಲಿ ಅವನು ನನ್ನನ್ನು ದೊಡ್ಡ ಚೀಲಕ್ಕೆ ಹಾಕಿಕೊಂಡು ಬಸ್ಸು ಹತ್ತಿದ. ತುಳಸವ್ವ ಗಜೇಂದ್ರಗಡದಲ್ಲಿದ್ದಾಳೆ, ಕಿವಿ ಮಂದವಾಗಿವೆ ಎಂದು ಕಂಪನಿಯ ಹಳಬನೊಬ್ಬ ಹೇಳಿದ್ದ.

ಸಣ್ಣ ಓಣಿ. ಕಟ್ಟೆಯ ಮೇಲೆ ಕುಳಿತು ಅಕ್ಕಿ ಹಸನು ಮಾಡುತ್ತಿದ್ದಳು. ಇವನನ್ನು ನೋಡಿ ಮೊರ ಬದಿಗಿಟ್ಟು, “ಬರ್ರಿ ಮಾಸ್ತರ” ಎಂದಳು, ನಿನ್ನೆಯಷ್ಟೇ ನೋಡಿದವರ ಹಾಗೆ. ಅವನು ಪಕ್ಕದಲ್ಲಿ ಕುಳಿತು ಮೆಲ್ಲಗೆ, “ತಪ್ಪಾತು ತುಳಸವ್ವಾ” ಎಂದ.

“ಏನು? ತುಪ್ಪೇನ್ರಿ? ತುಪ್ಪ ಇಲ್ಲ, ಮಜ್ಜಿಗಿ ಐತಿ.”

“ತುಪ್ಪಲ್ಲ. ತಪ್ಪು. ತಪ್ಪು ಮಾಡೇನಿ.”

“ಕೇಳಸವಲ್ದ್ರಿ. ಜೋರ ಹೇಳ್ರಿ.”

ಅವನು ಚೀಲದಿಂದ ನನ್ನನ್ನು ತೆಗೆದ. “ತಪ್ಪಾತು!” ಎಂದ. ಎದುರಿನ ಮನೆಯ ಬಾಗಿಲು ತೆರೆಯಿತು. ನಲ್ಲಿಯ ಹತ್ತಿರ ನಿಂತಿದ್ದ ಹೆಂಗಸರು ಕೊಡ ಇಳಿಸಿ ತಿರುಗಿದರು.

“ಏನ್ ತಪ್ಪು? ಪೂರಾ ಹೇಳ್ರಿ ಮಾಸ್ತರ.”

ಅವನು ಓಣಿಯತ್ತ ನೋಡಿದ. ಎದ್ದು ಹೋಗಿಬಿಡುತ್ತಾನೆಂದು ನಾನು ಹೆದರಿದೆ. ಆದರೆ ಅವನು ಕಣ್ಣು ಮುಚ್ಚಿಕೊಂಡು ನನ್ನ ಮೂಲಕ ಹೇಳಿದ. ಸಿನೆಮಾದ ಹೆಸರು ಹೇಳಿದ. “ಅದರಾಗಿನ ತಾಯಿ ದನಿ ಈಕೀದು. ಆ ಕೂಗು ನಾ ಬರದದ್ದಲ್ಲ, ಈಕೀನ ಕಟ್ಟಿದ್ದು. ಈಕಿ ಹೆಸರು ಹೊಡದು ಹಾಕಿದಾಂವ ನಾನು, ಈ ಕೈಲೆ. ಮಂದಿ ಈಕಿನ್ನ ನಕಲಿನಾಕಿ ಅಂದಾಗ ಮುಂದ ಕುಂತು ಸುಮ್ಮನಿದ್ದಾಂವ ನಾನು.” ದನಿ ಒಡೆಯಿತು. ಒಡೆದದ್ದನ್ನೂ ನಾನು ದೊಡ್ಡದು ಮಾಡಿದೆ.

ನಲ್ಲಿಯ ಹೆಂಗಸರು ಕಟ್ಟೆಯ ಹತ್ತಿರ ಬಂದು ನಿಂತರು. ತುಳಸವ್ವ ಸೆರಗಿನಿಂದ ಮುಖ ಒರೆಸಿಕೊಂಡಳು.

“ನನಗ ಮದಲನೇ ಸರ್ತಿಗೇ ಕೇಳಿಸಿತ್ತ್ರಿ ಮಾಸ್ತರ” ಎಂದಳು. “ಇವರಿಗೆ ಕೇಳಿಸಿರಲಿಲ್ಲ.”

“ಮಾಫಿ ಮಾಡ್ತೀಯೇನವ್ವಾ?”

“ಅದೊಂದು ಕೇಳಬ್ಯಾಡ್ರಿ. ಮಜ್ಜಿಗಿ ಕುಡೀರಿ, ಬಿಸಲಾಗ ಬಂದೀರಿ.”

ಅವನು ಮಜ್ಜಿಗೆ ಕುಡಿದ, ನನ್ನನ್ನು ಕಟ್ಟೆಯ ಮೇಲೆಯೇ ಬಿಟ್ಟು ಎದ್ದ. ಆರು ತಿಂಗಳಿಗೆ ತೀರಿಕೊಂಡ. ಪತ್ರಿಕೆಗಳಲ್ಲಿ ಅವನ ಬಗ್ಗೆ ದೊಡ್ಡದಾಗಿ ಬಂತು, ಅವನ ಪಕ್ಕದಲ್ಲಿ ಪ್ರಮೀಳಾರಾಣಿಯ ಫೋಟೊ. ತುಳಸವ್ವನ ಹೆಸರು ಯಾವ ಪುಟದಲ್ಲೂ ಇರಲಿಲ್ಲ.

ಈಗ ನಾನು ಅವಳ ಮನೆಯ ಗೋಡೆಯ ಮಾಡದಲ್ಲಿದ್ದೇನೆ. ಬೆಸುಗೆ ಬಿಟ್ಟಿದೆ, ತುಕ್ಕು ಹಿಡಿದಿದೆ. ಆ ಸಿನೆಮಾ ಟೀವಿಯಲ್ಲಿ ಬಂದರೆ ಎದುರು ಮನೆಯ ಸೊಸೆ ಬಾಗಿಲಲ್ಲಿ ನಿಂತು, “ತುಳಸವ್ವಾಯೀ, ನಿನ್ನ ದನಿ ಬಂತು, ಬಾ” ಎಂದು ಕರೆಯುತ್ತಾಳೆ. ಮುದುಕಿ ಗೋಡೆ ಹಿಡಿದುಕೊಂಡು ಹೋಗುತ್ತಾಳೆ. ಈ ಓಣಿಯಲ್ಲಿ ಮೂವತ್ತು ಮನೆಗಳಿವೆ. ಸಿನೆಮಾ ಹೋದ ಊರುಗಳ ಲೆಕ್ಕ ನನಗೆ ಗೊತ್ತಿಲ್ಲ. ನನ್ನ ದನಿ ಮುಟ್ಟಿದ್ದು ಓಣಿಯ ಕೊನೆಯ ನಲ್ಲಿಯ ತನಕ.