ನಡುಮನೆಯ ಗೋಡೆಗೊಂದು ಫೋಟೋ

ಬಾಗಿಲು ತೆರೆದ ಮುನಿತಾಯಮ್ಮ, "ಇವ್ರೇ, ಶೂಟಿಂಗಿನವ್ರು ಬಂದವ್ರೆ" ಎಂದು ಒಳಗೆ ಕೂಗಿ ಹೇಳಿದಾಗ ಕಾಂತರಾಜುವಿಗೆ ಹಾಗೇ ಮೆಟ್ಟಿಲಿಳಿದು ಹೋಗಿಬಿಡೋಣ ಅನ್ನಿಸಿತು.

ನಾಯಂಡಹಳ್ಳಿಯ ಗೋಡೌನಿನೊಳಗೆ ಎದ್ದಿದ್ದ ಧಾರಾವಾಹಿಯ ಮನೆ ಅವನದೇ ಕೈಕೆಲಸ. ಪ್ಲೈವುಡ್ಡಿನ ಕಂಬಗಳಿಗೆ ತೇಗದ ಬಣ್ಣ ಬಳಿಸಿದವನು, ದೇವರ ಗೂಡಿಗೆ ದೀಪದ ಮಸಿ ಹಿಡಿಸಿದವನು ಅವನೇ. ಆ ಮನೆಯ ಯಜಮಾನನ ಪಾತ್ರ ಬೈರಯ್ಯನವರದು. ನಾಟಕ ಕಂಪನಿಯಲ್ಲಿ ಪಳಗಿದ ಹಿರಿಯರು ಈಚೆಗೆ ಮಾತು ಮರೆಯತೊಡಗಿದ್ದರು. ಒಂದೊಂದು ಸೀನಿಗೆ ಅರ್ಧ ದಿನ ಹಿಡಿಯುತ್ತಿತ್ತು. ಯಜಮಾನ ಊರಿಗೆ ಹೋದಲ್ಲೇ ತೀರಿಕೊಂಡನೆಂದು ಕಥೆ ತಿರುಗಿಸಿದ ನಿರ್ದೇಶಕ ಮಧ್ವೇಶ್, ಹಾರ ಹಾಕಿದ ಫೋಟೋ ಸಂಜೆಯೊಳಗೆ ಗೋಡೆ ಮೇಲಿರಬೇಕು ಎಂದಿದ್ದ. ಬೈರಯ್ಯನವರಿಗೆ ತಿಳಿಸಿದ್ದೀರಾ ಎಂದು ಕೇಳಿದರೆ, ಹೇಗೂ ಫೋಟೋ ತರಲು ನೀವೇ ಹೋಗುತ್ತೀರಲ್ಲ ಎಂದು ಮಾನಿಟರಿನ ಕಡೆ ತಿರುಗಿಕೊಂಡ.

ಹಾಗಾಗಿ ಕಾಂತರಾಜು, ಹತ್ತು ದಿನದ ನಿದ್ದೆ ಕಣ್ಣಲ್ಲಿಟ್ಟುಕೊಂಡು, ರಾಜಾಜಿನಗರದ ಈ ಮನೆಗೆ ಬಂದಿದ್ದ.

ಬೈರಯ್ಯ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಹೊರಬಂದರು. ಮಾತೆಲ್ಲ ಬಾಯಿಪಾಠ ಮಾಡಿದ್ದೇನೆ, ಇವತ್ತು ಒಂದೂ ತಪ್ಪುವುದಿಲ್ಲ ಎಂದರು. ಕಾಂತರಾಜು ನೆಲ ನೋಡುತ್ತ, ಸೆಟ್ಟಿಗೆ ಅವರದೊಂದು ಫೋಟೋ ಬೇಕಾಗಿದೆ ಎಂದ.

"ಯಾವ ಗೋಡೆಗೆ?"

"ನಡುಮನೆ ಗೋಡೆಗೆ ಸಾರ್."

ಬೈರಯ್ಯ ಹೆಂಡತಿಯನ್ನು ಕಾಫಿಗೆಂದು ಒಳಗೆ ಕಳಿಸಿದರು. ಆಮೇಲೆ ದನಿ ತಗ್ಗಿಸಿ, "ಹಾರ ಹಾಕ್ತೀರೇನಪ್ಪ?" ಎಂದು ಕೇಳಿದರು.

ಕಾಂತರಾಜು ಹೌದೆಂದು ತಲೆಯಾಡಿಸಿದ. ಸಾಯುವ ಸೀನು ಇಲ್ಲವೆಂದೂ, ಸುದ್ದಿ ಫೋನಿನಲ್ಲಿ ಬರುತ್ತದೆಂದೂ ಹೇಳಿದ.

"ಅದನ್ನಾದ್ರೂ ಮಾಡಿಸ್ಬೋದಿತ್ತು" ಎಂದರು ಬೈರಯ್ಯ. "ಸಾಯೋಕೆ ಡೈಲಾಗ್ ಬೇಕಾಗಿರ್ಲಿಲ್ಲ."

ಅಡುಗೆಮನೆಯ ಕಡೆ ಕಣ್ಣು ಹಾಯಿಸಿ, "ಇವಳು ದಿನಾ ನೋಡ್ತಾಳೆ ಕಣಪ್ಪ. ಆ ಹೊತ್ತಿಗೆ ಎಲ್ಲಾದ್ರೂ ದೇವಸ್ಥಾನಕ್ಕೆ ಕರ್ಕೊಂಡೋಗ್ತೀನಿ" ಎಂದರು. ಎಷ್ಟು ದಿನ ಎಂದು ಕಾಂತರಾಜು ಕೇಳಲಿಲ್ಲ.

ಕಾಫಿ ತಂದ ಮುನಿತಾಯಮ್ಮನಿಗೆ ಗಂಡ ಆರಿಸಿದ ಫೋಟೋ ಹಿಡಿಸಲಿಲ್ಲ. ಅದರಲ್ಲಿ ಜ್ವರ ಬಂದವರ ಹಾಗೆ ಕಾಣುತ್ತಾರೆ ಎಂದು, ಕೋಣೆಯ ಗೋಡೆಯಿಂದ ಅರವತ್ತು ತುಂಬಿದಾಗ ತೆಗೆಸಿದ್ದನ್ನೇ ಇಳಿಸಿ ತಂದರು. ಗಾಜನ್ನು ಸೆರಗಿನಿಂದ ಒರೆಸಿ ಕಾಂತರಾಜುವಿನ ಕೈಗಿತ್ತರು.

"ಇದು ಹಾಕ್ರಪ್ಪ. ಲಕ್ಷಣವಾಗವ್ರೆ."

"ಅದೇ ಆಗ್ಲಿ" ಎಂದರು ಬೈರಯ್ಯ, ಕಿಟಕಿಯತ್ತ ನೋಡುತ್ತ.

ಗೋಡೌನಿಗೆ ಮರಳಿದ ಕಾಂತರಾಜು, ಫೋಟೋ ಬದಲು ಖಾಲಿ ಕುರ್ಚಿಯ ಮೇಲೊಂದು ಶಾಲು ಹೊದಿಸಿಟ್ಟರೆ ಸಾಕಲ್ಲವೇ ಎಂದು ಮಧ್ವೇಶನಲ್ಲಿ ಕೇಳಿನೋಡಿದ. ಜನಕ್ಕೆ ಅರ್ಥವಾಗುವುದಿಲ್ಲ ಎಂಬ ಉತ್ತರ ಬಂತು. ವಾದ ಮಾಡುವಷ್ಟು ಕಸುವು ಅವನಲ್ಲಿ ಉಳಿದಿರಲಿಲ್ಲ. ಹುಡುಗರ ಕೈಗೆ ಕೊಡದೆ ತಾನೇ ಸ್ಟೂಲು ಹತ್ತಿ ಮೊಳೆ ಹೊಡೆದ, ಫೋಟೋ ತೂಗುಹಾಕಿದ, ಗಂಧದ ಹಾರ ಹಾಕಿದ.

ಸೊಸೆಯ ಪಾತ್ರದ ಶಿಲ್ಪಾ ಎಂದಿನಂತೆ ಚಪ್ಪಲಿ ಮೆಟ್ಟಿಕೊಂಡೇ, ಫೋನು ನೋಡುತ್ತ ರಿಹರ್ಸಲ್ಲಿಗೆ ಬಂದಳು. ತಲೆಯೆತ್ತಿ ಗೋಡೆ ನೋಡಿದವಳು ನಿಂತಳು. ಲೈಟು ಇನ್ನೂ ಹಾಕಿರಲಿಲ್ಲ, ಕ್ಯಾಮೆರಾ ಬಟ್ಟೆ ಹೊದ್ದಿತ್ತು. ಅವಳು ಪ್ಲೈವುಡ್ಡಿನ ಹೊಸ್ತಿಲ ಆಚೆ ಚಪ್ಪಲಿ ಬಿಟ್ಟು, ಬರಿಗಾಲಲ್ಲಿ ಒಳಗೆ ಬಂದಳು.