ಎರ್ಮಿನ್ ಅಜ್ಜಿಯ ಪಂಚಾಯಿತಿ

ನಮ್ಮ ಅಡುಗೆಮನೆಯ ಕಿಟಕಿಯಿಂದ ಪೂರ್ಲಾಕ್ ಊರಿನ ಚರ್ಚು ಕೈಚಾಚಿದರೆ ಸಿಗುವಂತೆ ಕಾಣುತ್ತದೆ. ಆದರೆ ನಡುವೆ ಹಳ್ಳವಿದೆ. ಅದೇ ಗಡಿ. ಲೆಕ್ಕಕ್ಕೆ ನಾವು ಗುಡ್ಡದ ಆಚೆಯ ಬ್ರೆಸ್ಯೋಲ್ ಪಂಚಾಯಿತಿಯವರು. ಅಲ್ಲಿಗೆ ಹೋಗುವುದು ಓಟು ಹಾಕಲು ಮಾತ್ರ.

ಪೂರ್ಲಾಕ್‌ನ ಚರ್ಚನ್ನು ನಾನು ಹುಟ್ಟುವ ಮೊದಲಿನಿಂದ ಗುಡಿಸಿದವಳು ಎರ್ಮಿನ್ ಅಜ್ಜಿ. ಊರಿನ ಮದುವೆಗಳಿಗೆ ಹೂವು ಜೋಡಿಸುತ್ತಿದ್ದಳು, ಸತ್ತವರಿಗೆ ಗಂಟೆ ಹೊಡೆಯುತ್ತಿದ್ದಳು. ಮದುವೆಯಿಲ್ಲದೆ ಅಪ್ಪನನ್ನು ಹೆತ್ತವಳಾದ್ದರಿಂದ ಪಕ್ಕದಲ್ಲಿ ಮಲಗಲು ಗಂಡನ ಸಮಾಧಿಯೂ ಇರಲಿಲ್ಲ. ಹಾಸಿಗೆ ಹಿಡಿದ ಮೇಲೆ ಕೇಳಿದ್ದು ಒಂದೇ.

"ನನ್ನನ್ನ ಬ್ರೆಸ್ಯೋಲ್‌ನಲ್ಲಿ ಹೂಳಬೇಡ್ರೋ. ಅಲ್ಲಿ ನಂಗ್ಯಾರು ಗೊತ್ತು?"

ಅಪ್ಪ ಪೂರ್ಲಾಕ್‌ನ ಮೇಯರ್ ಫೋಂತೆನಿಲ್ ಅವರ ಕಚೇರಿಗೆ ಹೋದ. ನಾನು ಅಪ್ಪನ ಬೆನ್ನ ಹಿಂದೆ ನಿಂತಿದ್ದೆ.

"ಗಸ್ತೋ, ನಿಮ್ಮಮ್ಮ ನಂಗೂ ಅಮ್ಮನ ಹಾಗೇ ಕಣಯ್ಯ," ಎಂದರು ಮೇಯರ್. "ಆದ್ರೆ ಸ್ಮಶಾನದಲ್ಲಿ ಜಾಗ ಎಲ್ಲಿದೆ? ನಿಂಗೆ ಕೊಟ್ರೆ ನಾಳೆ ಗುಡ್ಡದ ಆಚೆಯವರೆಲ್ಲ ಹೆಣ ಹೊತ್ಕೊಂಡು ಬರ್ತಾರೆ."

"ನಿಮ್ಮ ಮಗಳ ಮದುವೇಲಿ ಅಮ್ಮ ಹೂವಿಟ್ಟಾಗ ಈ ಹಳ್ಳ ಎಲ್ಲಿತ್ತು?"

"ಹೂವಿಗೆ ಕಾನೂನಿಲ್ಲ, ಹೆಣಕ್ಕಿದೆ. ಇಲ್ಲಿ ಮನೆಯಿರ್ಬೇಕು, ಇಲ್ಲಾ ಇಲ್ಲೇ ಪ್ರಾಣ ಬಿಡ್ಬೇಕು. ಹೋಗಿ ಹೇಳು ಅವ್ರಿಗೆ, ಹಳ್ಳ ದಾಟ್ಕೊಂಡು ಬಂದು ಸಾಯಲಿ!"

ಟೈಪು ಮಾಡುತ್ತಿದ್ದ ಹೆಂಗಸೂ ನಕ್ಕಳು. ಅಪ್ಪ ನಗಲಿಲ್ಲ.

ಇನ್ನು ಉಳಿಯುವುದಿಲ್ಲ ಎಂದು ಡಾಕ್ಟರು ಹೇಳಿದ ಬೆಳಿಗ್ಗೆ ಅಪ್ಪ ಅಜ್ಜಿಗೆ ಇದ್ದಬದ್ದ ಕಂಬಳಿ ಸುತ್ತಿ, ಗಾಲಿಕುರ್ಚಿಯಲ್ಲಿ ಸೇತುವೆ ದಾಟಿಸಿದ. ಚರ್ಚಿಗೆ ಬೀಗವಿತ್ತು. ಬಾಗಿಲ ಮುಂದೆ ಬಿಸಿಲಿಗೆ ಕೂರಿಸಿದೆವು.

"ಬೇಗ ಸತ್ಹೋಗ್ತೀನಿ ಬಿಡು ಸೊಲಾಂಜ್," ಎಂದಳು ಅಜ್ಜಿ ನನಗೆ. "ನಿಂಗೆ ಚಳಿಯಾಗತ್ತೆ."

ಬ್ರೆಡ್ಡಿನ ಅಂಗಡಿಯವಳು ನೋಡಿ ಕೂಗಿದಳು. "ಏನ್ರೀ ಇದು! ಸಾಯೋ ಮುದುಕೀನ ಬೀದೀಲಿ ಕೂರಿಸ್ತೀರಾ? ನಾಚಿಕೆ ಆಗಲ್ವಾ?" ಮೇಯರ್ ಓಡಿ ಬಂದರು. ಈ ಸಲ ಅವರ ಮುಖದಲ್ಲಿ ನಗುವಿರಲಿಲ್ಲ. ಆಂಬುಲೆನ್ಸಿಗೆ ಫೋನು ಮಾಡಿದ್ದು ಅವರೇ. ಅಪ್ಪ ಅಡ್ಡ ನಿಂತಾಗ ಇಬ್ಬರು ಅವನ ತೋಳು ಹಿಡಿದುಕೊಂಡರು. ನಾನು ಅಜ್ಜಿಯ ಜೊತೆ ಹತ್ತಿದೆ.

ಊರಿನ ಹೆಸರಿಗೆ ಕೆಂಪು ಗೀಟು ಎಳೆದ ಬೋರ್ಡು ಊರಾಚೆ ರಸ್ತೆಯಲ್ಲಿದೆ. ಪೂರ್ಲಾಕ್ ಅಲ್ಲಿಗೆ ಮುಗಿಯುತ್ತದೆ. ಅದು ಬರುವ ಮೊದಲೇ ನನ್ನ ಕೈಯಲ್ಲಿದ್ದ ಅಜ್ಜಿಯ ಕೈ ಸಡಿಲವಾಯಿತು. ಬೋರ್ಡು ಹಿಂದೆ ಸರಿದದ್ದನ್ನು ಆಮೇಲೆ ಗಾಜಿನಲ್ಲಿ ಕಂಡೆ. ಆಂಬುಲೆನ್ಸಿನವನು ಪೇಟೆ ಮುಟ್ಟುವವರೆಗೂ ಅವಳ ಎದೆ ಒತ್ತುತ್ತಲೇ ಇದ್ದ. ಆಸ್ಪತ್ರೆಯ ಡಾಕ್ಟರು ಗಡಿಯಾರ ನೋಡಿ, ಪೇಟೆಯ ಆಸ್ಪತ್ರೆಯಲ್ಲೇ ಸತ್ತಳೆಂದು ಬರೆದರು.

ಯಾರ ಹತ್ತಿರವೂ ಬಾಯಿ ಬಿಡದ ನಾನು ಅಂದು ಒಬ್ಬಳೇ ಮೇಯರ್ ಬಳಿಗೆ ಹೋದೆ.

"ಸಾಹೇಬ್ರೆ, ಅಜ್ಜಿ ಬೋರ್ಡು ದಾಟೋ ಮುಂಚೇನೇ ಹೋದ್ರು. ನಾನು ಕೈ ಹಿಡ್ಕೊಂಡಿದ್ದೆ."

"ನೀನೇನು ಡಾಕ್ಟರಾ? ಶಾಲೆ ಕೂಡ ಮುಗಿಸ್ಲಿಲ್ಲ." ಆಮೇಲೆ ದನಿ ಮೆತ್ತಗೆ ಮಾಡಿಕೊಂಡರು. "ಅಂದ್ಹಾಗೆ, ಈ ಭಾನುವಾರ ಚರ್ಚು ಗುಡಿಸೋಕೆ ಯಾರೂ ಇಲ್ಲ. ನೀನು ಬರ್ತೀಯಾಮ್ಮ?"

ನಾನು ಸೇತುವೆ ದಾಟಿ ಮನೆಗೆ ಬಂದೆ.

ಬ್ರೆಸ್ಯೋಲ್‌ನಲ್ಲಿ ಹೂಳಿದೆವು. ಪೂರ್ಲಾಕ್ ಪಂಚಾಯಿತಿ ದೊಡ್ಡದೊಂದು ಹೂವಿನ ಚಕ್ರ ಕಳಿಸಿತ್ತು. ಗುಂಡಿ ತೋಡಿದವನು ಮಣ್ಣು ಎಳೆಯುತ್ತ ಕೇಳಿದ.

"ಈ ಅಜ್ಜೀನ ನಾನು ನೋಡೇ ಇಲ್ವಲ್ಲ. ಎಲ್ಲಿಯವ್ರು?"

ಅಪ್ಪ ತಲೆ ಎತ್ತಲಿಲ್ಲ.

"ನಿಮ್ಮೂರಿನೋಳೇ," ಎಂದ.